‘ಮೂರು ಕಂತು ತಪ್ಪಿದರೆ ಮನೆಗೆ ಬೀಗ’: ಬ್ಯಾಂಕ್ ನೋಟಿಸ್ ಬಂದಾಗ ಸಾಲಗಾರರ ಮುಂದಿರುವ ದಾರಿಗಳೇನು?

ಮನೆ ಸಾಲ, ಅಡಮಾನ ಸಾಲಗಳ ಬಗ್ಗೆ ವಾಟ್ಸ್‌ಆ್ಯಪ್‌ನಲ್ಲಿ ಓಡಾಡುವ ಸಂದೇಶಗಳಲ್ಲಿ ಮುಖ್ಯವಾಗಿ ಎರಡು ಬಗೆ. ಮೊದಲನೆಯದು ಹೆದರಿಸುತ್ತದೆ: ‘ಮೂರು ಇಎಂಐ ಕಟ್ಟದಿದ್ದರೆ ಬ್ಯಾಂಕಿನವರು ಮರುದಿನವೇ ಬಂದು ಮನೆಗೆ ಬೀಗ ಹಾಕಬಹುದು, ಯಾರೂ ಕೇಳುವಂತಿಲ್ಲ.’ ಎರಡನೆಯದು ಧೈರ್ಯ ತುಂಬುತ್ತದೆ: ‘ವಾಸದ ಮನೆಯನ್ನು ಯಾವ ಬ್ಯಾಂಕೂ ಹರಾಜು ಹಾಕುವಂತಿಲ್ಲ. ನೋಟಿಸ್ ಬಂದರೆ ತೆಗೆದುಕೊಳ್ಳಬೇಡಿ, ಸಿವಿಲ್ ಕೋರ್ಟಿನಲ್ಲಿ ಸ್ಟೇ ತನ್ನಿ, ಅಷ್ಟೇ.’

ಎರಡೂ ತಪ್ಪು. ಮೊದಲನೆಯದನ್ನು ನಂಬಿದವರು ಹೆದರಿ ಕೈಚೆಲ್ಲುತ್ತಾರೆ. ಎರಡನೆಯದನ್ನು ನಂಬಿದವರು ನೋಟಿಸನ್ನು ಬೀರುವಿನಲ್ಲಿಟ್ಟು ಸುಮ್ಮನಾಗುತ್ತಾರೆ. ಕೊನೆಗೆ ಇಬ್ಬರಿಗೂ ಆಗುವ ನಷ್ಟ ಒಂದೇ: ಕಾನೂನು ಕೊಟ್ಟಿದ್ದ ದಿನಗಳು ಕಳೆದುಹೋಗುತ್ತವೆ. ಈ ಕಾನೂನಿನಲ್ಲಿ ಸಾಲಗಾರರಿಗೆ ಹಕ್ಕುಗಳಿವೆ. ಆದರೆ ಪ್ರತಿ ಹಕ್ಕಿಗೂ ಒಂದು ಗಡುವಿದೆ.

ಯಾವುದು ಈ ಕಾನೂನು?

ಇದರ ಹೆಸರು ಸರ್ಫೇಸಿ ಕಾಯ್ದೆ, 2002. ಆಸ್ತಿ ಅಡವಿಟ್ಟು ಪಡೆದ ಸಾಲ ವಸೂಲಾಗದಿದ್ದರೆ, ಕೋರ್ಟಿನಲ್ಲಿ ದಾವೆ ಹೂಡದೆ ನೇರವಾಗಿ ಆ ಆಸ್ತಿಯನ್ನು ಸ್ವಾಧೀನಕ್ಕೆ ತೆಗೆದುಕೊಂಡು ಮಾರುವ ಅಧಿಕಾರವನ್ನು ಇದು ಬ್ಯಾಂಕುಗಳಿಗೆ ಕೊಟ್ಟಿದೆ. ಅದಕ್ಕೂ ಮೊದಲು ಬ್ಯಾಂಕುಗಳು ಸಿವಿಲ್ ಕೋರ್ಟು ಅಥವಾ 1993ರ ಕಾಯ್ದೆಯಂತೆ ರಚನೆಯಾದ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ, ಹೋಗಬೇಕಿತ್ತು.

ರಾಷ್ಟ್ರೀಕೃತ ಮತ್ತು ಖಾಸಗಿ ಬ್ಯಾಂಕುಗಳಷ್ಟೇ ಅಲ್ಲ, ಸಹಕಾರಿ ಬ್ಯಾಂಕುಗಳೂ ಈ ಕಾಯ್ದೆಯನ್ನು ಬಳಸಬಹುದು ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2020ರ ಮೇ ತಿಂಗಳಲ್ಲಿ ಹೇಳಿದೆ. ₹100 ಕೋಟಿಗೂ ಹೆಚ್ಚು ಆಸ್ತಿಯುಳ್ಳ ಬ್ಯಾಂಕೇತರ ಹಣಕಾಸು ಕಂಪನಿಗಳು 2021ರಿಂದ ₹20 ಲಕ್ಷ ಮತ್ತು ಅದಕ್ಕಿಂತ ದೊಡ್ಡ ಅಡಮಾನ ಸಾಲಗಳಿಗೆ ಇದನ್ನು ಬಳಸಬಹುದು.

ಎಲ್ಲ ಸಾಲಕ್ಕೂ ಇದು ಅನ್ವಯಿಸುವುದಿಲ್ಲ. ಒಡವೆ ಅಡವಿಟ್ಟು ಪಡೆದ ಚಿನ್ನದ ಸಾಲ ಇದರ ವ್ಯಾಪ್ತಿಗೆ ಬರುವುದಿಲ್ಲ, ಅದರ ಹರಾಜಿಗೆ ಬೇರೆ ನಿಯಮಗಳಿವೆ. ಅಡಮಾನವಿಲ್ಲದ ಮೈಕ್ರೋ ಫೈನಾನ್ಸ್ ಸಾಲಕ್ಕೂ ಇದು ಅನ್ವಯಿಸದು. ₹1 ಲಕ್ಷ ಮೀರದ ಸಾಲಗಳಿಗೆ, ಅಸಲು ಮತ್ತು ಬಡ್ಡಿಯ ಶೇ 20ಕ್ಕಿಂತ ಕಡಿಮೆ ಬಾಕಿ ಉಳಿದಿರುವ ಸಾಲಗಳಿಗೆ ಹಾಗೂ ಕೃಷಿ ಜಮೀನಿನ ಮೇಲಿನ ಅಡಮಾನಕ್ಕೆ ವಿನಾಯಿತಿ ಇದೆ.

‘ಮೂರು ಇಎಂಐ ತಪ್ಪಿದರೆ ಮರುದಿನವೇ ಬೀಗ’: ತಪ್ಪು

ಮೂರು ತಿಂಗಳ ಮಾತು ಬರುವುದು ರಿಸರ್ವ್ ಬ್ಯಾಂಕಿನ ನಿಯಮದಿಂದ. ಕಂತು 90 ದಿನಕ್ಕಿಂತ ಹೆಚ್ಚು ಬಾಕಿ ಉಳಿದರೆ ಆ ಸಾಲವನ್ನು ಎನ್‌ಪಿಎ, ಅಂದರೆ ವಸೂಲಾಗದ ಸಾಲ ಎಂದು ಬ್ಯಾಂಕು ವರ್ಗೀಕರಿಸುತ್ತದೆ. ಬ್ಯಾಂಕಿನ ಕ್ರಮ ಶುರುವಾಗುವುದು ಅಲ್ಲಿಂದ, ಮುಗಿಯುವುದಲ್ಲ.

ಎನ್‌ಪಿಎ ಆದ ಮೇಲೆ ಬ್ಯಾಂಕು ಸೆಕ್ಷನ್ 13(2)ರ ಪ್ರಕಾರ ಲಿಖಿತ ನೋಟಿಸ್ ಕೊಟ್ಟು, ಬಾಕಿ ಕಟ್ಟಲು 60 ದಿನಗಳ ಅವಕಾಶ ಕೊಡಬೇಕು. ಎಷ್ಟು ಬಾಕಿ ಇದೆ, ಯಾವ ಆಸ್ತಿಯ ಮೇಲೆ ಕ್ರಮ ಜರುಗಿಸಲಿದೆ ಎಂಬ ವಿವರ ಅದರಲ್ಲಿರಬೇಕು. ಈ 60 ದಿನ ಮುಗಿಯುವವರೆಗೆ ಆಸ್ತಿಯನ್ನು ಸ್ವಾಧೀನಕ್ಕೆ ತೆಗೆದುಕೊಳ್ಳುವಂತಿಲ್ಲ.

ಇಲ್ಲೊಂದು ಎಚ್ಚರ. ‘ಒಂದು ಕಂತು ಕಟ್ಟಿಬಿಟ್ಟರೆ ಖಾತೆ ಮತ್ತೆ ಸರಿಯಾಗುತ್ತದೆ’ ಎಂಬ ಸಲಹೆಯೂ ಹರಿದಾಡುತ್ತದೆ. 2021ರ ನವೆಂಬರ್‌ನಲ್ಲಿ ರಿಸರ್ವ್ ಬ್ಯಾಂಕು ಸ್ಪಷ್ಟಪಡಿಸಿದಂತೆ, ಒಮ್ಮೆ ಎನ್‌ಪಿಎ ಆದ ಖಾತೆ ಮತ್ತೆ ಸಾಮಾನ್ಯ ಖಾತೆಯಾಗಬೇಕಾದರೆ ಅಸಲು ಮತ್ತು ಬಡ್ಡಿಯ ಹಿಂಬಾಕಿ ಪೂರ್ತಿ ತೀರಬೇಕು.

‘ನೋಟಿಸ್ ತೆಗೆದುಕೊಳ್ಳಬೇಡಿ’: ಅಪಾಯಕಾರಿ ಸಲಹೆ

ಸಾಲಗಾರರು ನೋಟಿಸ್ ತಪ್ಪಿಸಿಕೊಳ್ಳುತ್ತಿದ್ದಾರೆ ಎನಿಸಿದರೆ ಅದನ್ನು ಮನೆಯ ಬಾಗಿಲಿಗೆ ಅಂಟಿಸಿ, ಎರಡು ಪತ್ರಿಕೆಗಳಲ್ಲಿ ಪ್ರಕಟಿಸಲು ನಿಯಮದಲ್ಲಿ ಅವಕಾಶವಿದೆ. ಆ ಪತ್ರಿಕೆಗಳಲ್ಲಿ ಒಂದು ಆ ಪ್ರದೇಶದ ಭಾಷೆಯದ್ದಾಗಿರಬೇಕು. ಹೀಗಾಗಿ ಪೋಸ್ಟ್‌ಮನ್‌ನನ್ನು ವಾಪಸ್ ಕಳಿಸಿದರೆ ದಿನಗಳ ಎಣಿಕೆ ನಿಲ್ಲುವುದಿಲ್ಲ. ನೋಟಿಸಿನಲ್ಲಿ ಏನಿದೆ ಎಂಬುದು ನಿಮಗೆ ತಿಳಿಯದೇ ಹೋಗುತ್ತದೆ ಅಷ್ಟೇ.

ನೋಟಿಸ್ ತೆಗೆದುಕೊಂಡರೆ ಮೊದಲ ಹಕ್ಕು ಕೈಗೆ ಸಿಗುತ್ತದೆ. ಸೆಕ್ಷನ್ 13(3ಎ) ಪ್ರಕಾರ ನೀವು ಬ್ಯಾಂಕಿಗೆ ಲಿಖಿತ ಆಕ್ಷೇಪಣೆ ಸಲ್ಲಿಸಬಹುದು. ಲೆಕ್ಕ ತಪ್ಪಿದೆ, ಕಟ್ಟಿದ ಕಂತು ಜಮೆಯಾಗಿಲ್ಲ, ತೋರಿಸಿರುವ ಜಮೀನು ಕೃಷಿ ಜಮೀನು, ಬಾಕಿ ಶೇ 20ಕ್ಕಿಂತ ಕಡಿಮೆ ಇದೆ, ಹೀಗೆ ಏನಿದ್ದರೂ ಬರೆಯಬಹುದು. ಬ್ಯಾಂಕು ಅದನ್ನು ಪರಿಶೀಲಿಸಿ, ಒಪ್ಪದಿದ್ದರೆ ಕಾರಣ ಕೊಟ್ಟು 15 ದಿನಗಳೊಳಗೆ ಉತ್ತರಿಸಲೇಬೇಕು. ಮ್ಯಾನೇಜರ್ ಬಳಿ ಬಾಯಿಮಾತಿನಲ್ಲಿ ಹೇಳಿದ್ದಕ್ಕೆ ದಾಖಲೆ ಇರುವುದಿಲ್ಲ. ಆಕ್ಷೇಪಣೆಯನ್ನು ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ ರಸೀದಿ ಇಟ್ಟುಕೊಳ್ಳಿ, ಇಲ್ಲವೇ ಶಾಖೆಯಲ್ಲಿ ಕೊಟ್ಟು ಪ್ರತಿಯ ಮೇಲೆ ಸೀಲು ಹಾಕಿಸಿಕೊಳ್ಳಿ.

ಈ ಹಂತದಲ್ಲಿ ಮಾಡಬಾರದ ಕೆಲಸವೂ ಒಂದಿದೆ. 13(2)ರ ನೋಟಿಸ್ ಬಂದ ಮೇಲೆ ಬ್ಯಾಂಕಿನ ಲಿಖಿತ ಒಪ್ಪಿಗೆ ಇಲ್ಲದೆ ಆ ಆಸ್ತಿಯನ್ನು ಮಾರುವಂತಿಲ್ಲ, ಲೀಸ್‌ಗೆ ಕೊಡುವಂತಿಲ್ಲ. ‘ಸಂಬಂಧಿಕರ ಹೆಸರಿಗೆ ಬರೆದುಬಿಡಿ’ ಎಂಬ ಸಲಹೆ ಕೇಳಿದವರು ಇನ್ನೊಂದು ತೊಂದರೆಯನ್ನು ಮೈಮೇಲೆ ಎಳೆದುಕೊಳ್ಳುತ್ತಾರೆ.

‘ವಾಸದ ಮನೆ ಹರಾಜು ಹಾಕುವಂತಿಲ್ಲ’: ತಪ್ಪು

ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಜಪ್ತಿಯಿಂದ ಕೆಲವು ಆಸ್ತಿಗಳಿಗೆ ರಕ್ಷಣೆ ಇದೆ. ಈ ತಪ್ಪು ನಂಬಿಕೆಯ ಮೂಲ ಬಹುಶಃ ಅದೇ. ಆದರೆ ಸಾಲಕ್ಕೆಂದೇ ನೀವು ಅಡವಿಟ್ಟ ಆಸ್ತಿಗೆ ಆ ರಕ್ಷಣೆ ಸಿಗದು ಎಂದು ಸರ್ಫೇಸಿ ಕಾಯ್ದೆಯೇ ಹೇಳುತ್ತದೆ. ಇರುವುದೊಂದೇ ಮನೆ ಎಂಬ ಕಾರಣಕ್ಕೆ ವಿನಾಯಿತಿ ಇಲ್ಲ.

ಜಾಮೀನುದಾರರಿಗೂ ಇದೇ ಮಾತು. ತಮ್ಮನ ಅಂಗಡಿ ಸಾಲಕ್ಕೆ ಅಣ್ಣ ತನ್ನ ಮನೆಯ ಪತ್ರ ಇಟ್ಟು ಜಾಮೀನು ಹಾಕಿದ್ದರೆ, ಈ ಕಾಯ್ದೆಯ ಕಣ್ಣಿನಲ್ಲಿ ಅಣ್ಣನೂ ಸಾಲಗಾರನೇ. ‘ಮೊದಲು ಸಾಲ ತೆಗೆದವನನ್ನು ಹಿಡಿಯಿರಿ, ಆಮೇಲೆ ನನ್ನ ಹತ್ತಿರ ಬನ್ನಿ’ ಎನ್ನಲು ಸಾಮಾನ್ಯವಾಗಿ ಬರುವುದಿಲ್ಲ. ಆದರೆ ಸಾಲಗಾರನಿಗಿರುವ ಆಕ್ಷೇಪಣೆಯ ಹಕ್ಕು, ನ್ಯಾಯಮಂಡಳಿಗೆ ಹೋಗುವ ಹಕ್ಕು ಎರಡೂ ಆ ಅಣ್ಣನಿಗೂ ಇವೆ.

ಗೋಡೆಗೆ ನೋಟಿಸ್ ಅಂಟಿಸಿದರೆ ಮನೆ ಹೋಯಿತೆಂದೇ ಅರ್ಥವೆ?

ಅಲ್ಲ. 60 ದಿನ ಮುಗಿದರೂ ಬಾಕಿ ತೀರದಿದ್ದರೆ ಬ್ಯಾಂಕು ಸೆಕ್ಷನ್ 13(4)ರ ಅಡಿಯಲ್ಲಿ ಸ್ವಾಧೀನಕ್ಕೆ ಮುಂದಾಗುತ್ತದೆ. ಸಾಮಾನ್ಯವಾಗಿ ಮೊದಲು ನಡೆಯುವುದು ಸಾಂಕೇತಿಕ ಸ್ವಾಧೀನ. ಅಧಿಕಾರಿ ಬಂದು ಗೋಡೆಗೆ ನೋಟಿಸ್ ಅಂಟಿಸುತ್ತಾರೆ, ಏಳು ದಿನಗಳೊಳಗೆ ಎರಡು ಪತ್ರಿಕೆಗಳಲ್ಲಿ ಪ್ರಕಟಣೆ ಬರುತ್ತದೆ. ಮನೆಯವರು ಮನೆಯಲ್ಲೇ ಇರುತ್ತಾರೆ.

ಮನೆ ಖಾಲಿ ಮಾಡಿಸಲು ಬ್ಯಾಂಕಿಗೆ ಆಡಳಿತದ ನೆರವು ಬೇಕಾದರೆ ಸೆಕ್ಷನ್ 14ರಂತೆ ಜಿಲ್ಲಾ ಮ್ಯಾಜಿಸ್ಟ್ರೇಟ್ ಆಗಿರುವ ಜಿಲ್ಲಾಧಿಕಾರಿಗೆ ಅಥವಾ ಚೀಫ್ ಜುಡಿಷಿಯಲ್ ಮ್ಯಾಜಿಸ್ಟ್ರೇಟ್‌ಗೆ ಅರ್ಜಿ ಹಾಕುತ್ತದೆ. ಅವರು ಬ್ಯಾಂಕಿನ ಪ್ರಮಾಣಪತ್ರ ಕ್ರಮಬದ್ಧವಾಗಿದೆಯೇ ಎಂದು ನೋಡಿ ಆದೇಶ ಕೊಡುತ್ತಾರೆ. ಸಾಲದ ಲೆಕ್ಕ ಸರಿಯೋ ತಪ್ಪೋ ಎಂಬ ವಿಚಾರಣೆ ಅಲ್ಲಿ ನಡೆಯುವುದಿಲ್ಲ. ಹಾಗಾಗಿ ‘ಡಿಸಿ ಸಾಹೇಬರಿಗೆ ಮನವಿ ಕೊಟ್ಟಿದ್ದೇವೆ’ ಎಂದು ನಿಶ್ಚಿಂತರಾಗುವಂತಿಲ್ಲ.

ಗೂಂಡಾಗಳನ್ನು ಕಳಿಸಿ ಬೀಗ ಒಡೆಸಲು, ಹೆದರಿಸಲು ಯಾವ ಬ್ಯಾಂಕಿಗೂ ಅಧಿಕಾರವಿಲ್ಲ. ಸಾಲ ವಸೂಲಿ ಏಜೆಂಟರು ಬೆಳಿಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ಕರೆ ಮಾಡಬಾರದು, ಬೆದರಿಸಬಾರದು, ಅವಮಾನ ಮಾಡಬಾರದು ಎಂದು ರಿಸರ್ವ್ ಬ್ಯಾಂಕು 2022ರ ಆಗಸ್ಟ್‌ನಲ್ಲಿ ಸೂಚಿಸಿದೆ. ಇಂಥ ಕಿರುಕುಳವಾದರೆ ಮೊದಲು ಬ್ಯಾಂಕಿಗೆ ಲಿಖಿತ ದೂರು ಕೊಡಿ. 30 ದಿನಗಳಲ್ಲಿ ಉತ್ತರ ಬರದಿದ್ದರೆ ಅಥವಾ ಉತ್ತರ ಸಮಾಧಾನ ತರದಿದ್ದರೆ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ ಉಚಿತವಾಗಿ ದೂರು ಸಲ್ಲಿಸಬಹುದು. ಆದರೆ ಒಂಬುಡ್ಸ್‌ಮನ್‌ಗೆ ಕೊಟ್ಟ ದೂರಿನಿಂದ ಹರಾಜು ತಾನಾಗಿ ನಿಲ್ಲುವುದಿಲ್ಲ. ಅದಕ್ಕೆ ಬೇರೆಯೇ ಬಾಗಿಲು ತಟ್ಟಬೇಕು.

ಸರಿಯಾದ ಬಾಗಿಲು: ಡಿಆರ್‌ಟಿ, 45 ದಿನ

‘ಸಿವಿಲ್ ಕೋರ್ಟಿನಲ್ಲಿ ಸ್ಟೇ ತನ್ನಿ’ ಎಂಬ ಸಲಹೆಯಿಂದ ಆಗುವ ಹಾನಿ ದೊಡ್ಡದು. ಈ ಕಾಯ್ದೆಯಡಿ ಬ್ಯಾಂಕು ತೆಗೆದುಕೊಂಡ ಕ್ರಮಗಳಿಗೆ ಸಿವಿಲ್ ಕೋರ್ಟು ತಡೆಯಾಜ್ಞೆ ಕೊಡುವಂತಿಲ್ಲ ಎಂದು ಸೆಕ್ಷನ್ 34 ಹೇಳುತ್ತದೆ. ಹೈಕೋರ್ಟುಗಳೂ, ಬೇರೆ ಪರಿಹಾರ ಇರುವಾಗ, ಸಾಮಾನ್ಯವಾಗಿ ಇಂಥ ರಿಟ್ ಅರ್ಜಿಗಳಲ್ಲಿ ಮಧ್ಯಪ್ರವೇಶಿಸಬಾರದು ಎಂದು ಸುಪ್ರೀಂ ಕೋರ್ಟು 2010ರಿಂದ ಮತ್ತೆ ಮತ್ತೆ ಹೇಳುತ್ತ ಬಂದಿದೆ.

ಸೆಕ್ಷನ್ 17ರ ಪ್ರಕಾರ ಹೋಗಬೇಕಾದದ್ದು ಡಿಆರ್‌ಟಿಗೆ. ಕರ್ನಾಟಕದವರಿಗೆ ಅದು ಬೆಂಗಳೂರಿನಲ್ಲಿದೆ. ಬ್ಯಾಂಕು 13(4)ರ ಕ್ರಮ ಕೈಗೊಂಡ ದಿನದಿಂದ 45 ದಿನಗಳೊಳಗೆ ಅರ್ಜಿ ಹಾಕಬೇಕು. 13(2)ರ ನೋಟಿಸ್ ಬಂದಾಗಲೇ ಡಿಆರ್‌ಟಿಗೆ ಹೋಗಲು ಬರುವುದಿಲ್ಲ. ಹಾಗೆಂದು ಮನೆಯಿಂದ ಹೊರಹಾಕುವವರೆಗೂ ಕಾಯಬೇಕಿಲ್ಲ. ಸಾಂಕೇತಿಕ ಸ್ವಾಧೀನವಾದ ಕೂಡಲೇ ಹೋಗಬಹುದು ಎಂದು 2018ರ ನವೆಂಬರ್‌ನಲ್ಲಿ ಹಿಂಡನ್ ಫೋರ್ಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ. ಆ ಮನೆಯಲ್ಲಿ ಕಾನೂನುಬದ್ಧ ಕರಾರಿನ ಮೇಲೆ ಬಾಡಿಗೆಗಿರುವವರೂ ತಮ್ಮ ಹಕ್ಕಿಗಾಗಿ ಡಿಆರ್‌ಟಿಗೆ ಹೋಗಬಹುದು.

‘ಅರ್ಧ ದುಡ್ಡು ಕಟ್ಟದೆ ಡಿಆರ್‌ಟಿಯಲ್ಲಿ ಅರ್ಜಿಯನ್ನೇ ತೆಗೆದುಕೊಳ್ಳುವುದಿಲ್ಲ’ ಎಂಬ ಮಾತೂ ಇದೆ. ಕಾಯ್ದೆ ಬಂದಾಗ ಪರಿಸ್ಥಿತಿ ಇನ್ನೂ ಕಠಿಣವಾಗಿತ್ತು. ಬ್ಯಾಂಕು ಕೇಳಿದ ಮೊತ್ತದ ಶೇ 75ರಷ್ಟು ಠೇವಣಿ ಇಟ್ಟರೆ ಮಾತ್ರ ಅರ್ಜಿಯ ವಿಚಾರಣೆ ಎಂಬ ಷರತ್ತಿತ್ತು. ಸಾಲ ಕಟ್ಟಲಾಗದೆ ಬಂದವರು ಮುಕ್ಕಾಲು ಪಾಲು ಹಣ ಎಲ್ಲಿಂದ ತರಬೇಕು? ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2004ರ ಏಪ್ರಿಲ್ 8ರಂದು ಕಾಯ್ದೆಯ ಉಳಿದ ಭಾಗವನ್ನು ಎತ್ತಿಹಿಡಿದು, ಈ ಷರತ್ತನ್ನು ಮಾತ್ರ ರದ್ದು ಮಾಡಿತು. ಸಾಲಗಾರರ ಆಕ್ಷೇಪಣೆಗೆ ಬ್ಯಾಂಕು ಕಾರಣಸಹಿತ ಉತ್ತರ ಕೊಡಬೇಕು ಎಂಬ ನಿಯಮ ಕಾಯ್ದೆಗೆ ಸೇರಿದ್ದೂ ಈ ತೀರ್ಪಿನ ನಂತರವೇ.

ಈಗ ಡಿಆರ್‌ಟಿಯಲ್ಲಿ ಕಟ್ಟಬೇಕಾದದ್ದು ಅರ್ಜಿ ಶುಲ್ಕ. ಬಾಕಿ ₹10 ಲಕ್ಷದ ಒಳಗಿದ್ದರೆ ಪ್ರತಿ ಲಕ್ಷಕ್ಕೆ ₹500. ಅದಕ್ಕೂ ಹೆಚ್ಚಿದ್ದರೆ ₹5,000ದ ಜೊತೆಗೆ, ಮೇಲಿನ ಪ್ರತಿ ಲಕ್ಷಕ್ಕೆ ₹250, ಗರಿಷ್ಠ ₹1 ಲಕ್ಷ. ₹30 ಲಕ್ಷ ಬಾಕಿ ಇದ್ದವರಿಗೆ ಇದು ₹10,000 ಆಗುತ್ತದೆ.

ಅರ್ಜಿ ಹಾಕಿದ ಮಾತ್ರಕ್ಕೆ ಬ್ಯಾಂಕಿನ ಕ್ರಮ ನಿಲ್ಲುವುದಿಲ್ಲ. ಮಧ್ಯಂತರ ತಡೆಯನ್ನು ಪ್ರತ್ಯೇಕವಾಗಿ ಕೇಳಬೇಕು. ಅದನ್ನು ಕೊಡುವಾಗ ನ್ಯಾಯಮಂಡಳಿ ಇಂತಿಷ್ಟು ಹಣ ಕಟ್ಟಿ ಎಂಬ ಷರತ್ತು ಹಾಕಬಹುದು. ಬ್ಯಾಂಕಿನ ಕ್ರಮ ಕಾಯ್ದೆಗೆ ವಿರುದ್ಧ ಎಂದು ಕಂಡುಬಂದರೆ ಸ್ವಾಧೀನವನ್ನು ರದ್ದುಮಾಡಿ ಆಸ್ತಿಯನ್ನು ವಾಪಸ್ ಕೊಡಿಸುವ ಅಧಿಕಾರ ಡಿಆರ್‌ಟಿಗಿದೆ. ಪರಿಹಾರ ಮತ್ತು ಖರ್ಚು ಕೇಳಲೂ ಕಾಯ್ದೆಯಲ್ಲಿ ಅವಕಾಶವಿದೆ.

ಡಿಆರ್‌ಟಿ ಆದೇಶ ಒಪ್ಪಿಗೆಯಾಗದಿದ್ದರೆ 30 ದಿನಗಳೊಳಗೆ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬೇಕು. ಕರ್ನಾಟಕದ ಪ್ರಕರಣಗಳಿಗೆ ಅದು ಚೆನ್ನೈನಲ್ಲಿದೆ. ‘ಅರ್ಧ ದುಡ್ಡು’ ಎಂಬ ಷರತ್ತು ನಿಜವಾಗಿ ಇರುವುದು ಇಲ್ಲಿ: ಸಾಲಗಾರರು ಬಾಕಿಯ ಶೇ 50ರಷ್ಟು ಠೇವಣಿ ಇಡಬೇಕು. ಕಾರಣ ತೋರಿಸಿದರೆ ಅದನ್ನು ಶೇ 25ರವರೆಗೆ ಇಳಿಸಬಹುದು, ಅದಕ್ಕಿಂತ ಕಡಿಮೆ ಮಾಡುವಂತಿಲ್ಲ. ಆದ್ದರಿಂದಲೇ ಮೊದಲ ಹಂತದಲ್ಲಿ ಸಮಯಕ್ಕೆ ಸರಿಯಾಗಿ, ಎಲ್ಲ ದಾಖಲೆಗಳೊಂದಿಗೆ ಹೋಗುವುದು ಮುಖ್ಯ.

ಹರಾಜಿನ ಹಿಂದಿನ ದಿನ ದುಡ್ಡು ಕಟ್ಟಿದರೆ ಮನೆ ಉಳಿಯುತ್ತದೆಯೇ?

ಹಳೆಯ ಸಂದೇಶಗಳು ಜನರನ್ನು ಅತಿ ಹೆಚ್ಚು ದಾರಿ ತಪ್ಪಿಸುವುದು ಈ ವಿಷಯದಲ್ಲಿ. ಹಿಂದೆ ಬಾಕಿ ಮತ್ತು ಖರ್ಚು ಪೂರ್ತಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳಲು ಮಾರಾಟ ನಡೆಯುವವರೆಗೂ ಅವಕಾಶವಿತ್ತು. 2016ರಲ್ಲಿ ಸೆಕ್ಷನ್ 13(8)ಕ್ಕೆ ತಿದ್ದುಪಡಿಯಾಯಿತು. ಈಗ ಹರಾಜಿನ ಪ್ರಕಟಣೆ ಹೊರಬೀಳುವ ಮೊದಲೇ ಪೂರ್ತಿ ಕಟ್ಟಬೇಕು. ಪ್ರಕಟಣೆ ಬಂದ ಮೇಲೆ ಬಿಡಿಸಿಕೊಳ್ಳುವ ಹಕ್ಕು ಉಳಿಯುವುದಿಲ್ಲ ಎಂದು 2023ರ ಸೆಪ್ಟೆಂಬರ್‌ನಲ್ಲಿ ಬಾಫ್ನಾ ಮೋಟರ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿತು. ಅಂದರೆ ಪೇಪರಿನಲ್ಲಿ ಹರಾಜಿನ ಜಾಹೀರಾತು ನೋಡಿ, ಆಮೇಲೆ ದುಡ್ಡು ಹೊಂದಿಸಲು ಓಡಾಡಿದರೆ ತಡವಾಗಿರುತ್ತದೆ.

ಹರಾಜನ್ನು ಬ್ಯಾಂಕು ಮನಬಂದಂತೆ ನಡೆಸುವಂತಿಲ್ಲ. ಮಾನ್ಯತೆ ಪಡೆದ ಮೌಲ್ಯಮಾಪಕರಿಂದ ಬೆಲೆ ಕಟ್ಟಿಸಿ ಮೀಸಲು ಬೆಲೆ ನಿಗದಿ ಮಾಡಬೇಕು. ಮಾರಾಟಕ್ಕೆ ಮುನ್ನ ಸಾಲಗಾರರಿಗೆ 30 ದಿನಗಳ ನೋಟಿಸ್ ಕೊಡಬೇಕು, ಇದು ಕಡ್ಡಾಯ ಎಂದು ಸುಪ್ರೀಂ ಕೋರ್ಟು 2014ರಲ್ಲಿ ಹೇಳಿದೆ. ಮೀಸಲು ಬೆಲೆಗಿಂತ ಕಡಿಮೆಗೆ ಮಾರಲು ಸಾಲಗಾರರ ಒಪ್ಪಿಗೆಯೂ ಬೇಕು. ಬಾಕಿ ಮತ್ತು ಖರ್ಚು ಕಳೆದು ಉಳಿದ ಹಣವನ್ನು ಹಕ್ಕುದಾರರಿಗೆ ಕೊಡಬೇಕು. ಹಣ ಸಾಲದೇ ಹೋದರೆ ಉಳಿದ ಬಾಕಿಗೆ ಬ್ಯಾಂಕು ಮತ್ತೆ ಡಿಆರ್‌ಟಿಗೆ ಹೋಗಬಹುದು. ‘ಕೀ ಕೊಟ್ಟುಬಿಟ್ಟರೆ ಸಾಲ ಮುಗಿಯಿತು’ ಎಂಬುದು ಹಾಗಾಗಿ ಸುಳ್ಳು.

ಒಂದು ಲೆಕ್ಕ ನೋಡಿ

ಇದು ಉದಾಹರಣೆಗೆ ಹಾಕಿದ ಲೆಕ್ಕ. ಜನವರಿ 5ರ ಕಂತು ಕಟ್ಟಿಲ್ಲ, ಆಮೇಲೂ ಕಟ್ಟಲಾಗಲಿಲ್ಲ ಎನ್ನಿ. ಏಪ್ರಿಲ್ ಮೊದಲ ವಾರದ ಹೊತ್ತಿಗೆ 90 ದಿನ ದಾಟಿ ಖಾತೆ ಎನ್‌ಪಿಎ ಆಗುತ್ತದೆ. ಏಪ್ರಿಲ್ 20ಕ್ಕೆ 13(2)ರ ನೋಟಿಸ್ ಕೈಸೇರಿದರೆ 60 ದಿನ ಮುಗಿಯುವುದು ಜೂನ್ 19ಕ್ಕೆ. ಆಕ್ಷೇಪಣೆ ಸಲ್ಲಿಸಲು, ಮ್ಯಾನೇಜರ್ ಜೊತೆ ಕೂತು ಕಂತು ಮರುಹೊಂದಾಣಿಕೆ ಕೇಳಲು, ಬೇರೆ ಕಡೆಯಿಂದ ಹಣ ಹೊಂದಿಸಲು ಇರುವ ಒಳ್ಳೆಯ ಕಾಲ ಇದೇ. ಜುಲೈ 1ಕ್ಕೆ ಸ್ವಾಧೀನದ ನೋಟಿಸ್ ಅಂಟಿಸಿದರೆ ಡಿಆರ್‌ಟಿಗೆ ಹೋಗಲು 45ನೇ ದಿನ ಆಗಸ್ಟ್ 15. ಅಂದು ಸ್ವಾತಂತ್ರ್ಯ ದಿನಾಚರಣೆಯ ರಜೆ. ಕೊನೆಯ ದಿನಕ್ಕೆಂದು ಕಾಯುವವರಿಗೆ ಇಂಥವೇ ಅಡ್ಡಬರುವುದು.

ರೈತರ ಜಮೀನು, ಕಾಫಿ ತೋಟ ಮತ್ತು ರಾಜ್ಯದ ಹೊಸ ಕಾನೂನು

ಕೃಷಿ ಜಮೀನಿಗೆ ಸರ್ಫೇಸಿಯಿಂದ ವಿನಾಯಿತಿ ಇರುವುದು ನಿಜ. ಆದರೆ ಅದು ಸಾಲದಿಂದ ವಿನಾಯಿತಿಯಲ್ಲ. ಬ್ಯಾಂಕು ಬೇರೆ ಕಾನೂನಿನ ದಾರಿಯಲ್ಲಿ ವಸೂಲಿಗೆ ಬರಬಹುದು. ಪಹಣಿಯಲ್ಲಿ ಕೃಷಿ ಎಂದಿದ್ದರಷ್ಟೇ ಸಾಲದು, ಜಮೀನು ನಿಜಕ್ಕೂ ಕೃಷಿ ಬಳಕೆಯಲ್ಲಿದೆಯೇ ಎಂಬುದನ್ನೂ ಕೋರ್ಟುಗಳು ನೋಡುತ್ತವೆ. ಅದನ್ನು ಸಾಬೀತು ಮಾಡಬೇಕಾದವರು ಸಾಲಗಾರರು. ಕೊಡಗು, ಚಿಕ್ಕಮಗಳೂರು, ಹಾಸನದ ಕಾಫಿ ಬೆಳೆಗಾರರ ತಕರಾರು ಹುಟ್ಟಿರುವುದು ಇಲ್ಲಿಯೇ. ತೋಟವೂ ಕೃಷಿಯೇ ಆಗಿರುವಾಗ ನಮ್ಮ ಮೇಲೆ ಸರ್ಫೇಸಿ ಏಕೆ ಎಂಬುದು ಅವರ ಪ್ರಶ್ನೆ. ಇಂಥ ನೋಟಿಸ್ ಬಂದವರು 60 ದಿನಗಳೊಳಗಿನ ಆಕ್ಷೇಪಣೆಯಲ್ಲಿಯೇ ಈ ಅಂಶವನ್ನು ದಾಖಲೆ ಸಮೇತ ಬರೆಯುವುದು ಒಳ್ಳೆಯದು.

2025ರಲ್ಲಿ ಕರ್ನಾಟಕ ಸರ್ಕಾರ ಮೈಕ್ರೋ ಮತ್ತು ಸಣ್ಣ ಸಾಲಗಳಲ್ಲಿ ಬಲವಂತದ ವಸೂಲಿ ತಡೆಯಲು ಕಾನೂನು ತಂದಿತು. ಅದನ್ನು ತೋರಿಸಿ ‘ಇನ್ನು ಬ್ಯಾಂಕಿನವರೂ ಮನೆ ಮುಟ್ಟುವಂತಿಲ್ಲ’ ಎನ್ನುವುದು ತಪ್ಪು. ಅದರ ಗುರಿ ನೋಂದಣಿ, ಪರವಾನಗಿ ಇಲ್ಲದ ಲೇವಾದೇವಿಯವರು. ರಿಸರ್ವ್ ಬ್ಯಾಂಕಿನಲ್ಲಿ ನೋಂದಾಯಿತವಾದ ಬ್ಯಾಂಕುಗಳು ಕೊಟ್ಟ ಸಾಲಗಳನ್ನು ಅದು ಮನ್ನಾ ಮಾಡುವುದಿಲ್ಲ.

‘ರೈಟ್ ಆಫ್’ ಎಂದರೆ ಮನ್ನಾ ಅಲ್ಲ

ಬ್ಯಾಂಕುಗಳು ಇಷ್ಟು ಕೋಟಿ ರೈಟ್ ಆಫ್ ಮಾಡಿವೆ ಎಂಬ ಸುದ್ದಿ ನೋಡಿ, ನಮ್ಮ ಸಾಲವೂ ಹೋಗಿದೆ ಎಂದುಕೊಳ್ಳುವವರಿದ್ದಾರೆ. ಅದು ಬ್ಯಾಂಕಿನ ಲೆಕ್ಕಪುಸ್ತಕದ ಹೊಂದಾಣಿಕೆ. ವಸೂಲಿ ಮಾಡುವ ಹಕ್ಕು ಬ್ಯಾಂಕಿಗೆ ಹಾಗೇ ಇರುತ್ತದೆ. ಒಂದೇ ಬಾರಿಗೆ ಇಷ್ಟು ಕಟ್ಟಿ ಮುಗಿಸುವ ಒಟಿಎಸ್ ಯೋಜನೆಯನ್ನು ಕೇಳಬಹುದು, ಆದರೆ ಅದು ಸಾಲಗಾರರ ಹಕ್ಕಲ್ಲ ಎಂದು ಸುಪ್ರೀಂ ಕೋರ್ಟು 2021ರ ಡಿಸೆಂಬರ್‌ನಲ್ಲಿ ಹೇಳಿದೆ. ಒಪ್ಪಂದವಾದರೆ ಬರಹದಲ್ಲಿ ಪಡೆಯಿರಿ. ‘ಮ್ಯಾನೇಜರ್ ಆಗಲಿ ಅಂದರು’ ಎಂಬುದು ಮುಂದೆ ನೆರವಿಗೆ ಬರುವುದಿಲ್ಲ.

ವಕೀಲರ ಖರ್ಚಿಗೆ ಹೆದರಿ ಸುಮ್ಮನಿರುವವರು ಒಂದು ವಿಷಯ ತಿಳಿದಿರಬೇಕು. ಕಾನೂನು ಸೇವೆಗಳ ಪ್ರಾಧಿಕಾರದ ಕಾಯ್ದೆ, 1987ರಂತೆ ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ನಿಗದಿತ ಮಿತಿಗಿಂತ ಕಡಿಮೆ ಆದಾಯದವರು ಮೊದಲಾದವರಿಗೆ ಉಚಿತ ಕಾನೂನು ನೆರವು ಸಿಗುತ್ತದೆ. ನ್ಯಾಯಮಂಡಳಿಗಳ ಮುಂದಿನ ಪ್ರಕರಣಗಳೂ ಇದರಲ್ಲಿ ಸೇರಿವೆ. ಪ್ರತಿ ಜಿಲ್ಲಾ ನ್ಯಾಯಾಲಯದ ಆವರಣದಲ್ಲಿ ಪ್ರಾಧಿಕಾರದ ಕಚೇರಿ ಇರುತ್ತದೆ. ಸಹಾಯವಾಣಿ ಸಂಖ್ಯೆ 15100.

ನಿಮ್ಮ ಗುಂಪಿನಲ್ಲಿ ಯಾರಿಗಾದರೂ ಬ್ಯಾಂಕ್ ನೋಟಿಸ್ ಬಂದಿದ್ದರೆ ಅವರಿಗೆ ಧೈರ್ಯದ ಮಾತು ಕಳಿಸುವ ಮೊದಲು ಎರಡು ಪ್ರಶ್ನೆ ಕೇಳಿ: ನೋಟಿಸಿನಲ್ಲಿ ಬರೆದಿರುವ ಸೆಕ್ಷನ್ ಯಾವುದು? ಅದು ನಿಮ್ಮ ಕೈಸೇರಿದ ದಿನಾಂಕ ಯಾವುದು? 13(2) ಆಗಿದ್ದರೆ 60 ದಿನ, 13(4) ಆಗಿದ್ದರೆ 45 ದಿನ. ಆ ದಿನಾಂಕವನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಇವತ್ತೇ ಗುರುತು ಹಾಕಿಸಿ, ನೋಟಿಸ್ ಹಿಡಿದು ವಕೀಲರ ಬಳಿಗೋ ಕಾನೂನು ನೆರವಿನ ಕಚೇರಿಗೋ ಹೋಗಲು ಹೇಳಿ.